ಜೇಮಾನನ ಅಮ್ಮ ಕೇಳಿದ ಮಾತು

ನಟಿ ಹಾ ಬೊಕ್ಸಿಮ್ ಮೊದಲ ಸಲ ತಾಯಿಯ ಪಾತ್ರ ಮಾಡಿದಾಗ ಅವಳಿಗಿನ್ನೂ ಮೂವತ್ತು ತುಂಬಿರಲಿಲ್ಲ. ಪಾತ್ರಕ್ಕೆ ಗೊತ್ತಾಗಿದ್ದ ಹಿರಿಯ ನಟಿ ಕಾಯಿಲೆ ಬಿದ್ದಿದ್ದರಿಂದ ಇವಳ ತಲೆಗೆ ನರೆಗೂದಲ ಟೋಪನ್ ಹಾಕಿ, ಕಣ್ಣಿನ ಕೆಳಗೆ ಗೆರೆ ಎಳೆದು ನಿಲ್ಲಿಸಿದರು. ತನಗಿಂತ ವಯಸ್ಸಿನಲ್ಲಿ ದೊಡ್ಡವನಾಗಿದ್ದ ನಾಯಕನನ್ನು ಎದೆಗೆ ಅವಚಿಕೊಂಡು "ನನ್ನ ಕಂದಾ" ಎಂದು ಅತ್ತಳು. ಚೆನ್ನಾಗಿಯೇ ಅತ್ತಳು. ಅಲ್ಲಿಗೆ ಅವಳ ಹಣೆಬರಹ ಬರೆದು ಮುಗಿಯಿತು. ಮುಂದಿನ ನಲವತ್ತು ವರ್ಷಗಳಲ್ಲಿ ಅವಳು ತಾಯಿಯಲ್ಲದ ಪಾತ್ರ ಮಾಡಿದ್ದು ಒಂದೆರಡು ಸಲ ಇರಬಹುದು, ಅವೂ ಯಾರ ನೆನಪಿನಲ್ಲೂ ಉಳಿಯಲಿಲ್ಲ.

ಶ್ರೀಮಂತ ಬೀಗಿತ್ತಿಯ ಮುಂದೆ ಮಂಡಿಯೂರಿದ ತಾಯಿ, ಮಗಳ ಓದಿಗಾಗಿ ಬೀದಿಯಲ್ಲಿ ಸಾರು ಮಾರಿದ ತಾಯಿ, ಮೂತ್ರಪಿಂಡ ಕೊಟ್ಟ ತಾಯಿ, ಹೊಟ್ಟೆಯ ಗಡ್ಡೆಯನ್ನು ಯಾರಿಗೂ ಹೇಳದೆ ಸತ್ತ ತಾಯಿ. ಬೀದಿಯಲ್ಲಿ ಕಂಡವರೆಲ್ಲ ಅವಳನ್ನು ಅಮ್ಮಾ ಎಂದೇ ಕರೆಯುತ್ತಿದ್ದರು. ಎಳೆಯ ನಟರು ಧಾರಾವಾಹಿ ನಡೆಯುವಷ್ಟು ದಿನ ಅಮ್ಮ ಅಮ್ಮ ಎಂದು ಸುತ್ತಿ, ಹಬ್ಬಕ್ಕೆ ಜಿನ್ಸೆಂಗ್ ಬೇರಿನ ಡಬ್ಬಿ ಕಳಿಸಿ, ಮುಂದಿನ ವರ್ಷ ಬೇರೆ ಅಮ್ಮನನ್ನು ಹುಡುಕಿಕೊಳ್ಳುತ್ತಿದ್ದರು. ಅವಳು ಮದುವೆಯಾಗಲಿಲ್ಲ, ಮಕ್ಕಳಿರಲಿಲ್ಲ. "ಹೆರದೇ ಇರೋಳು ಇಷ್ಟು ಚೆನ್ನಾಗಿ ಹೆತ್ತೋಳ ಹಾಗೆ ಹೇಗೆ ಮಾಡ್ತೀರಮ್ಮಾ?" ಎಂದು ಯಾರಾದರೂ ಕೇಳಿದರೆ ನಗುತ್ತಿದ್ದಳು. ಕದಿಯುತ್ತೇನೆ ಎಂದು ಹೇಳುವುದು ಹೇಗೆ? ಮೊಣಕಾಲಿನ ಮೇಲೆ ಕೈಯೂರಿ ಏಳುವುದನ್ನು ತನ್ನ ತಾಯಿಯಿಂದ ತಂದಿದ್ದಳು. ಮಾತಿಗೆ ಮೊದಲು ಒಂದು ನಿಟ್ಟುಸಿರು ಬಿಡುವುದನ್ನು ಚಿಕ್ಕಮ್ಮನಿಂದ. ಬಸ್ಸಿನಲ್ಲಿ, ಆಸ್ಪತ್ರೆಯ ಬೆಂಚಿನಲ್ಲಿ, ಸಾರ್ವಜನಿಕ ಸ್ನಾನದ ಮನೆಗಳಲ್ಲಿ ಕಂಡ ಹೆಂಗಸರಿಂದ ಒಂದೊಂದು ಚೂರು. ಇವೆಲ್ಲ ಅವಳನ್ನು ಕಾಡಿದವಲ್ಲ. ಕಾಡಿದ್ದು ಒಂದೇ, ಜೇಮಾನನ ಅಮ್ಮನಿಂದ ತೆಗೆದುಕೊಂಡದ್ದು.

ಆಗ ಬೊಕ್ಸಿಮ್‌ಗೆ ಐವತ್ತು ದಾಟಿತ್ತು. ಸಿಯೋಲ್‌ನಲ್ಲಿ ಹಾನ್ ನದಿಯ ಉತ್ತರಕ್ಕೆ ಒಂದು ಹಳೆಯ ಮಾರ್ಕೆಟ್ಟಿನ ಹಿಂದೆ ಅವಳ ಮನೆ. ಮಾರ್ಕೆಟ್ಟಿನಲ್ಲಿ ಜೇಮಾನನ ಅಮ್ಮ ಖಾರ ಹಚ್ಚಿ ಹುಳಿಬರಿಸಿದ ಕಿಮ್ಚಿ, ಪಲ್ಯ, ಉಪ್ಪಿನಲ್ಲಿಟ್ಟ ಎಲೆಗಳನ್ನು ಮಾರುತ್ತಿದ್ದಳು. ಗುನ್ಸಾನ್ ಬಂದರಿನ ಕಡೆಯವಳು, ಗಂಡ ತೀರಿಕೊಂಡ ಮೇಲೆ ಬಂದು ಅಂಗಡಿ ಇಟ್ಟಿದ್ದಳು. ಮಗ ಜೇಮಾನ್ ಮಾತ್ರ ಗುನ್ಸಾನಿನಲ್ಲೇ ಉಳಿದು ಮೀನಿನ ದೋಣಿಯಲ್ಲಿ ಕೆಲಸಕ್ಕಿದ್ದ.

ಅವತ್ತು ಹೊಸ ವರ್ಷದ ಹಬ್ಬದ ಹಿಂದಿನ ದಿನ. ಬೆಳಗಿನ ಹಿಮ ಇನ್ನೂ ಕರಗಿರಲಿಲ್ಲ. ಅಂಗಡಿಯ ಮುಂದೆ ಬೊಕ್ಸಿಮ್ ಒಬ್ಬಳೇ.

"ಹೋದ ಹಬ್ಬಕ್ಕೂ ಬರ್ಲಿಲ್ಲ ಕಣಕ್ಕ," ಎನ್ನುತ್ತಾ ಜೇಮಾನನ ಅಮ್ಮ ಮೂಲಂಗಿ ಕಿಮ್ಚಿಯನ್ನು ಪ್ಲಾಸ್ಟಿಕ್ ಚೀಲಕ್ಕೆ ತುಂಬುತ್ತಿದ್ದಳು. "ಈ ಸಲ ಬಂದೇ ಬರ್ತೀನಿ ಅಂದವ್ನೆ. ನೋಡ್ತಿರಿ, ಏನಾದ್ರೂ ಒಂದು ನೆಪ ತೆಗೀತಾನೆ."

ಫೋನು ಬಂತು. ಕೈಯೆಲ್ಲ ಖಾರ; ಫೋನನ್ನು ಭುಜಕ್ಕೂ ಕಿವಿಗೂ ನಡುವೆ ಸಿಕ್ಕಿಸಿಕೊಂಡಳು.

"ಯಾರು? ದೋಣಿ ಯಜಮಾನ್ರಾ? ಓಹೋ! ಬರಕ್ಕಾಗಲ್ಲ ಅಂತ ಹೇಳಕ್ಕೆ ನಿಮ್ಮನ್ನ ಹಿಡ್ಕಂಡ್ನಾ? ಅವನಿಗೇನು ಬಾಯಿಲ್ವಾ? ಬರದೇ ಇದ್ರೆ ಅಲ್ಲೇ ಬಿದ್ದು ಸಾಯ್ಲಿ ಅನ್ನಿ ಅವನಿಗೆ!"

ಎಂದು ಬೊಕ್ಸಿಮ್ ಕಡೆ ತಿರುಗಿ ಕಣ್ಣು ಮಿಟುಕಿಸಿದಳು. ಬೊಕ್ಸಿಮ್ ಜೋರಾಗಿ ನಕ್ಕಳು.

ಆ ಕಡೆಯ ಗಂಡಸಿನ ಸಣ್ಣ ದನಿ ಫೋನಿನಿಂದ ಕೇಳುತ್ತಿತ್ತು. ಜೇಮಾನನ ಅಮ್ಮನ ಮುಖ ಬದಲಾಗಲಿಲ್ಲ. ಚೀಲದ ಬಾಯಿಗೆ ಗಂಟು ಹಾಕಿದಳು. ಬಿಚ್ಚಿದಳು. ಮತ್ತೆ ಹಾಕಿದಳು. ಫೋನು ಭುಜದಿಂದ ಜಾರಿ ಮೂಲಂಗಿಯ ಬೋಗುಣಿಗೆ ಬಿತ್ತು; ಅವಳು ಅದನ್ನು ನೋಡಲೂ ಇಲ್ಲ, ಗಂಟನ್ನು ಬಿಚ್ಚುತ್ತಿದ್ದಳು.

ಬೊಕ್ಸಿಮ್‌ಗೆ ಆಗಲೇ ಅರ್ಥವಾಗಿತ್ತು. ಬಾಗಿ ಆ ಕೈ ಹಿಡಿದುಕೊಳ್ಳಬೇಕಿತ್ತು. ಹಿಡಿಯಲಿಲ್ಲ. ನಿಂತು ನೋಡಿದಳು. ಹೆಬ್ಬೆರಳಿನ ಒತ್ತಿಗೆ ಪ್ಲಾಸ್ಟಿಕ್ಕು ಬೆಳ್ಳಗಾಗುವುದನ್ನು ನೋಡಿದಳು, ಗಂಟನ್ನು ಬಿಟ್ಟು ಕದಲದ ಕಣ್ಣುಗಳನ್ನು ನೋಡಿದಳು. ಅವಳೊಳಗೆ ಯಾರೋ ತಣ್ಣಗೆ, 'ಇದನ್ನ ಮರೀಬೇಡ' ಎಂದರು. ಆಮೇಲೆ ಪಕ್ಕದ ಮೀನಂಗಡಿಯವರು ಓಡಿಬಂದು ಹಿಡಿದುಕೊಂಡರು. ಬೊಕ್ಸಿಮ್ ಜನರ ಹಿಂದಕ್ಕೆ ಸರಿದು ಮನೆಗೆ ಬಂದಳು. ದೋಣಿಯಿಂದ ಸಮುದ್ರಕ್ಕೆ ಜಾರಿಬಿದ್ದ ಹುಡುಗನ ದೇಹ ಸಿಕ್ಕಿದ್ದು ಹಬ್ಬ ಕಳೆದ ಮೇಲೆ ಎಂದು ಮಾರ್ಕೆಟ್ಟಿನವರು ಹೇಳಿದರು.

ಅದೇ ವರ್ಷ ಹೊಸ ಧಾರಾವಾಹಿಯೊಂದರಲ್ಲಿ ಮಗನ ಸಾವಿನ ಸುದ್ದಿ ಕೇಳುವ ತಾಯಿಯ ಪಾತ್ರ ಬಂತು. ಎದೆ ಬಡಿದುಕೊಂಡು ಕುಸಿಯುತ್ತಾಳೆ ಎಂದು ಬರೆದಿತ್ತು. ಬೊಕ್ಸಿಮ್ ನಿರ್ದೇಶಕನಿಗೆ, "ಅದು ಬೇಡ ಕಣಪ್ಪ, ನಾನೊಂದು ಮಾಡಿ ತೋರಿಸ್ತೀನಿ, ನೋಡು," ಎಂದಳು. ಚೀಲ, ಗಂಟು, ಬಿಚ್ಚುವುದು, ಮತ್ತೆ ಗಂಟು. ಆದರೆ ಆ ತಾಯಿ ಏನಾದರೂ ಅನ್ನಬೇಕಲ್ಲ? ಜೇಮಾನನ ಅಮ್ಮ ಅಂದದ್ದನ್ನು ಅನ್ನುವಂತಿರಲಿಲ್ಲ. ಅಷ್ಟು ನಾಚಿಕೆ ಇನ್ನೂ ಉಳಿದಿತ್ತು. ಕ್ಯಾಮೆರಾ ಓಡುತ್ತಿರುವಾಗಲೇ ಬಾಯಿಗೆ ಬಂದದ್ದನ್ನು ಅಂದಳು: "ಊಟ ಮಾಡಿದ್ನಾ?"

ಸೆಟ್ಟಿನಲ್ಲಿ ದೀಪ ಹಿಡಿದವನೂ ಅತ್ತ. ದೇಶವೇ ಅತ್ತಿತು ಎಂದು ಪತ್ರಿಕೆಗಳು ಬರೆದವು. ಆ ವರ್ಷದ ಪೋಷಕ ನಟಿ ಪ್ರಶಸ್ತಿ ಅವಳಿಗೇ ಬಂತು. ವೇದಿಕೆಯ ಮೇಲೆ ಎಲ್ಲರ ಹೆಸರು ಹೇಳಿ ಥ್ಯಾಂಕ್ಸ್ ಹೇಳಿದಳು, ಒಂದು ಹೆಸರು ಬಿಟ್ಟು. ಚಳಿಗಾಲ ಮುಗಿಯುವಷ್ಟರಲ್ಲಿ ನದಿಯ ಆಚೆ ದಡಕ್ಕೆ ಮನೆ ಬದಲಾಯಿಸಿದಳು. ಕೇಳಿದವರಿಗೆ ಮಂಡಿನೋವು, ಲಿಫ್ಟ್ ಇರುವ ಮನೆ ಬೇಕಿತ್ತು ಎಂದಳು. ಆ ಮಾರ್ಕೆಟ್ಟಿನ ಕಡೆ ಮತ್ತೆ ತಲೆ ಹಾಕಲಿಲ್ಲ.

ಎಪ್ಪತ್ತಾದ ವರ್ಷ ಟೀವಿಯವರು ಅವಳ ಬದುಕಿನ ಬಗ್ಗೆ ಒಂದು ಕಾರ್ಯಕ್ರಮ ಮಾಡುತ್ತೇವೆಂದು ಬಂದರು. ಹಳೆಯ ಮನೆ, ಹಳೆಯ ಮಾರ್ಕೆಟ್ಟು, ಅಲ್ಲಿ ಜನರ ನಡುವೆ ಅಮ್ಮ ನಡೆದುಹೋಗಬೇಕು ಎಂದರು. ಮಂಡಿನೋವು ಎಂದಳು. ಗಾಲಿಕುರ್ಚಿ ತರ್ತೀವಿ ಬಿಡಿ ಎಂದರು. ಇನ್ನು ತಪ್ಪಿಸಿಕೊಳ್ಳುವ ದಾರಿ ಕಾಣದೆ, ಆ ಅಂಗಡಿ ಇದೆಯೋ ಇಲ್ಲವೋ ಎಂದು ನೋಡಿ ಬರಲು ಒಂದು ಮಧ್ಯಾಹ್ನ ಮುಖಕ್ಕೆ ಮಾಸ್ಕ್ ಹಾಕಿಕೊಂಡು ಒಬ್ಬಳೇ ಹೋದಳು. ಇಲ್ಲದೇ ಹೋಗಿರಲಿ ಎಂಬ ಆಸೆ ಮನಸ್ಸಿನಲ್ಲಿತ್ತು. ಆ ಆಸೆಗೂ ನಾಚಿಕೆಯಾಯಿತು.

ಅಂಗಡಿ ಇತ್ತು. ಅವಳು ತಿರುಗಿ ಹೊರಡುವಷ್ಟರಲ್ಲಿ ಹಿಂದಿನಿಂದ ಕೂಗು ಕೇಳಿತು.

"ಅಕ್ಕಾ! ಮೂತಿ ಮುಚ್ಕಂಡ್ರೆ ಗೊತ್ತಾಗಲ್ವಾ? ಆ ನಡಿಗೆ ನೋಡಿದ್ರೆ ಇಡೀ ದೇಶಕ್ಕೆ ಗೊತ್ತಾಗ್ತದೆ. ಬನ್ನಿ ಒಳಕ್ಕೆ!"

ಜೇಮಾನನ ಅಮ್ಮನ ಬೆನ್ನು ಬಾಗಿತ್ತು, ದನಿ ಮಾತ್ರ ಹಾಗೇ ಇತ್ತು. ಕೆಳಗಿನಿಂದ ಕಾಯಿಸಿದ ಬಿಸಿ ನೆಲದ ಮೇಲೆ ಕೂರಿಸಿ ಬಾರ್ಲಿ ಚಹಾ ಕೊಟ್ಟಳು. ಬೊಕ್ಸಿಮ್ ಲೋಟವನ್ನು ಎರಡು ಕೈಯಲ್ಲಿ ಹಿಡಿದು, ವರ್ಷಗಟ್ಟಲೆ ಮನಸ್ಸಿನಲ್ಲೇ ಹೇಳಿಕೊಂಡಿದ್ದ ಮಾತನ್ನು ತೊದಲುತ್ತಾ ಶುರುಮಾಡಿದಳು.

"ಜೇಮಾನನ ಅಮ್ಮಾ, ನಾನು ನಿಮಗೆ ದೊಡ್ಡ ತಪ್ಪು ಮಾಡಿದೀನಿ. ಆ ಧಾರಾವಾಹಿ..."

"ನೋಡಿದೀನಿ ಬಿಡಿ. ಟೀವಿಲಿ ನೀವು ಗಂಟು ಹಾಕಿದ್ದು ನೋಡಿದ ಕೂಡ್ಲೇ ಮೀನಂಗಡಿಯವ್ರು ನನ್ನ ಮುಖ ನೋಡಿದ್ರು. ಬೆರಳು ಬಿಡಿಸಕ್ಕಾಗದಂಗೆ ಚೀಲ ಹಿಡ್ಕಂಡಿದ್ದೆ ಅಂತ ಅವ್ರೇ ಹೇಳಿದ್ರು ಆಮೇಲೆ."

"ಕೋಪ ಬರ್ಲಿಲ್ವಾ?"

"ಬಂತು. ಬರದೇ ಇರ್ತದಾ? ಸಿಕ್ಕಿದ್ರೆ ಕೋಲು ತಗಂಡು ನಾಕು ಬಿಡ್ಬೇಕು ಅಂದ್ಕಂಡಿದ್ದೆ." ಅವಳು ನಕ್ಕಳು, ಆಮೇಲೆ ನಗು ನಿಲ್ಲಿಸಿ ಹತ್ತಿರಕ್ಕೆ ಸರಿದಳು. "ಅಕ್ಕ, ಒಂದು ಮಾತು ಹೇಳ್ತೀನಿ. ನನಗೆ ಆವತ್ತಿಂದು ಏನೂ ನೆನಪಿಲ್ಲ. ಬೆಳಿಗ್ಗೆ ಅಂಗಡಿ ತೆಗೆದದ್ದು ಗೊತ್ತು. ಆಮೇಲೆ ಗುನ್ಸಾನಿನ ಆಸ್ಪತ್ರೆ. ನಡುವೆ ಏನೂ ಇಲ್ಲ, ಒರೆಸಿ ಹಾಕ್ದಂಗೆ. ನನ್ನ ಮಗನ ಸುದ್ದಿ ಬಂದಾಗ ನಾನೇನ್ ಮಾಡ್ದೆ, ಏನ್ ಅಂದೆ, ಒಂದೂ ಗೊತ್ತಿಲ್ಲ. ನಿಮ್ಮ ಧಾರಾವಾಹಿ ನೋಡಿ ತಿಳ್ಕಂಡೆ. ಮರುಪ್ರಸಾರ ಬಂದಾಗೆಲ್ಲ ನೋಡ್ತೀನಿ."

ಬೊಕ್ಸಿಮ್ ಲೋಟವನ್ನು ಕೆಳಗಿಟ್ಟಳು.

"ಅದ್ರಲ್ಲಿ ಕೇಳ್ತೀರಲ್ಲ, ಊಟ ಮಾಡಿದ್ನಾ ಅಂತ. ಅದು ನಾನೇ ಕೇಳಿದ್ದಾ? ಅಥ್ವಾ ಬರೆಯೋರು ಬರೆದದ್ದಾ?" ಅವಳ ಕೈ ಬೊಕ್ಸಿಮ್‌ಳ ಮೊಣಕಾಲನ್ನು ಹಿಡಿದುಕೊಂಡಿತ್ತು. "ನೀವೊಬ್ರೇ ಇದ್ರಂತೆ ಅಲ್ಲಿ, ಮೀನಂಗಡಿಯವ್ರು ಹೇಳಿದ್ರು. ಬೇರೆ ಯಾರನ್ನ ಕೇಳ್ಲಿ? ಅದಕ್ಕೇ ನಿಮ್ಮ ದಾರಿ ಕಾಯ್ತಿದ್ದೆ. ಆ ಹುಡುಗನ್ನ ಫೋನಲ್ಲಿ ಬಯ್ಯದ ದಿನಾನೇ ಇರ್ಲಿಲ್ಲ ಅಕ್ಕ. ಕೊನೇಗಾದ್ರೂ ಅದೊಂದು ಕೇಳಿದೆನಲ್ಲ ಅಂತ ಅಷ್ಟೇ ಸಮಾಧಾನ. ನಾನೇ ತಾನೇ ಕೇಳಿದ್ದು?"

ಹೊರಗೆ ಯಾರೋ ಗಿರಾಕಿ ಕರೆದರು. ಜೇಮಾನನ ಅಮ್ಮ ತಿರುಗಿ ನೋಡಲಿಲ್ಲ.

"ಹೌದು," ಎಂದಳು ಬೊಕ್ಸಿಮ್. "ನೀವೇ ಕೇಳಿದ್ದು."

ಜೇಮಾನನ ಅಮ್ಮ ಅಳಲಿಲ್ಲ. "ನಾನೇ ಅಂತ ಗೊತ್ತಿತ್ತು," ಎಂದು ಎದ್ದು ಗಿರಾಕಿಯ ಕಡೆ ಹೋದಳು.

ಮನೆಗೆ ಬಂದ ಬೊಕ್ಸಿಮ್ ಕೋಟನ್ನೂ ತೆಗೆಯದೆ ಕೂತಳು. ಮೊದಲು ಒಂದು ಅಪರಾಧವಿತ್ತು, ಅದಕ್ಕೆ ಕ್ಷಮೆ ಕೇಳಬಹುದಿತ್ತು. ಈಗ ಕ್ಷಮೆ ಕೇಳಲಿಕ್ಕೂ ಬಾಯಿಲ್ಲ. ನಿಜ ಹೇಳಿದರೆ ಆ ತಾಯಿಗೆ ಉಳಿದಿರುವ ಒಂದೇ ಒಂದು ಮಾತನ್ನು ಕಿತ್ತುಕೊಂಡು, ಅದರ ಜಾಗಕ್ಕೆ 'ಸಾಯ್ಲಿ' ಎಂಬುದನ್ನು ಇಡಬೇಕು. ಹೇಳದಿದ್ದರೆ, ತನ್ನ ಬಾಯಿಗೆ ಹೇಗೋ ಬಂದ ಮಾತನ್ನು ಅವಳು ಸಾಯುವತನಕ ಮಗನ ಬಗ್ಗೆ ಆಡಿದ ಮಾತೆಂದು ಎದೆಯಲ್ಲಿಟ್ಟುಕೊಳ್ಳುತ್ತಾಳೆ. ಅವಳ ದುಃಖ ಕದ್ದದ್ದು ಸಾಲದು ಅಂತ ನಕಲಿ ದುಃಖವನ್ನು ಅವಳಿಗೇ ದಾಟಿಸಿದೆನಲ್ಲ ಎಂದು ಸಂಕಟಪಟ್ಟಳು. ಕಾರ್ಯಕ್ರಮವೇ ಬೇಡವೆಂದು ಟೀವಿಯವರಿಗೆ ಫೋನ್ ಮಾಡಿದಳು. ಅಷ್ಟರಲ್ಲಿ ಅವರು ಮಾರ್ಕೆಟ್ಟಿಗೆ ಹೋಗಿ ಅಂಗಡಿಯವರನ್ನೆಲ್ಲ ಮಾತಾಡಿಸಿ ಬಂದಾಗಿತ್ತು. ಜೇಮಾನನ ಅಮ್ಮ ತಾನೇ ಮುಂದೆ ಬಂದು ಎಲ್ಲ ಹೇಳಿದ್ದಳಂತೆ.

"ಅಮ್ಮಾ, ಇಂಥಾ ಕಥೆನ ಇಷ್ಟು ವರ್ಷ ಮುಚ್ಚಿಟ್ಟಿದ್ರಲ್ಲ!" ಎಂದಳು ಕಾರ್ಯಕ್ರಮದ ಹುಡುಗಿ. "ಅವರು ಕಾಯ್ತಿದಾರೆ. ನೀವು ಬರಲ್ಲ ಅಂದ್ರೆ ತುಂಬಾ ಬೇಜಾರು ಮಾಡ್ಕೋತಾರೆ."

ಶೂಟಿಂಗ್ ದಿನ ಜೇಮಾನನ ಅಮ್ಮ ತುಟಿಗೆ ಬಣ್ಣ ಹಚ್ಚಿಕೊಂಡು, ಹೊಸ ಅಂಗಿ ತೊಟ್ಟು ನಿಂತಿದ್ದಳು. ಕ್ಯಾಮೆರಾ ಕಂಡು ಒಂದಿಷ್ಟೂ ಹೆದರಲಿಲ್ಲ.

"ಜನ ಎಲ್ಲ ಈ ಅಕ್ಕನ್ನ ಹೊಗಳ್ತಾರೆ. ಆ ಮಾತು ನಂದು! ನನ್ನ ಮಗ ಉಂಡ್ನಾ ಅಂತ ಕೇಳಿದ್ದು ನಾನು. ಕೇಳಿ ಬೇಕಾದ್ರೆ, ಇವ್ರೂ ಅಲ್ಲೇ ಇದ್ರು."

ಎಲ್ಲರೂ ಬೊಕ್ಸಿಮ್ ಕಡೆ ನೋಡಿದರು. ಅವಳು ತಲೆಯಾಡಿಸಿದಳು. ಕ್ಯಾಮೆರಾ ಇನ್ನೂ ಹತ್ತಿರ ಬಂದಾಗ ಬಾಯಿಬಿಟ್ಟು, "ಅವರದೇ ಮಾತು. ನಾನು ತಗೊಂಡೆ, ಕೇಳದೇ ತಗೊಂಡೆ," ಎಂದಳು. ಅದರಲ್ಲಿ ಅರ್ಧ ನಿಜವಿತ್ತು. ಆ ಅರ್ಧವನ್ನಾದರೂ ಹೇಳಿಬಿಟ್ಟಳು.

ಕಾರ್ಯಕ್ರಮ ಪ್ರಸಾರವಾದ ಮೇಲೆ ಜನ ಬೊಕ್ಸಿಮ್‌ಳ ದೊಡ್ಡ ಮನಸ್ಸನ್ನು ಕೊಂಡಾಡಿದರು. ಅವಳಿಗೆ ಊಟ ಸೇರಲಿಲ್ಲ. ಫೋನು ಬಂದಾಗಲೆಲ್ಲ ಬೆಚ್ಚುತ್ತಿದ್ದಳು, ಏಕೆಂದರೆ ಪ್ರಸಾರ ಮುಗಿದ ಕ್ಷಣದಿಂದ ಅವಳಿಗೆ ಒಬ್ಬ ಮನುಷ್ಯನ ನೆನಪು ಹತ್ತಿಕೊಂಡಿತ್ತು. ಆ ದಿನ 'ಸಾಯ್ಲಿ' ಎಂಬ ಮಾತನ್ನು ಕೇಳಿಸಿಕೊಂಡವಳು ತಾನೊಬ್ಬಳೇ ಅಲ್ಲ. ಫೋನಿನ ಆ ಕಡೆ ದೋಣಿಯ ಯಜಮಾನನಿದ್ದ.

ಒಂದು ವಾರ ತಡೆದು, ತಡೆಯಲಾರದೆ ಮಾರ್ಕೆಟ್ಟಿಗೆ ಹೋದಳು. ಜೇಮಾನನ ಅಮ್ಮ ಸ್ಟೂಲಿನ ಮೇಲೆ ಕೂತು ಬೆಳ್ಳುಳ್ಳಿ ಸುಲಿಯುತ್ತಿದ್ದಳು.

"ಅಕ್ಕ, ಯಾರು ಫೋನ್ ಮಾಡಿದ್ರು ಹೇಳಿ ನೋಡಣ? ದೋಣಿ ಯಜಮಾನ್ರು! ಮಗನ ಮಣ್ಣಾದ ಮೇಲೆ ಒಂದ್ ಸಲನೂ ಮಾತಾಡಿರ್ಲಿಲ್ಲ ಮನುಷ್ಯ. ಟೀವಿ ನೋಡಿದ್ರಂತೆ."

ಬೊಕ್ಸಿಮ್ ಪಕ್ಕದ ಕಂಬವನ್ನು ಹಿಡಿದುಕೊಂಡಳು. "ಏನಂದ್ರು?"

"ಪಾಪ, ವಯಸ್ಸಾಗಿದೆ, ಮಾತು ತಡವರಿಸ್ತದೆ. ಎಷ್ಟೋ ಹೊತ್ತು ಸುಮ್ನೇ ಇದ್ರು. ಆಮೇಲೆ ನಾನೇ ಕೇಳ್ದೆ, ನಿಮಗೆ ಜ್ಞಾಪಕ ಇದ್ಯಾ ಯಜಮಾನ್ರೇ ಅಂತ. ಇದೆ ಕಣಮ್ಮ ಅಂದ್ರು. ಊಟ ಮಾಡಿದ್ನಾ ಅಂತ ಕೇಳಿದ್ರಿ, ನನಗೆ ಉತ್ರ ಕೊಡಕ್ಕೆ ಬಾಯಿ ಬರ್ಲಿಲ್ಲ ಅಂದ್ರು. ಆವತ್ತು ಬೆಳಿಗ್ಗೆ ಬಿಸಿ ಗಂಜಿ ಕುಡ್ಕಂಡೇ ದೋಣಿ ಹತ್ತಿದ್ದ, ಈಗ ಹೇಳ್ತಿದೀನಿ ಅಂದ್ರು." ಅವಳು ಮೂಗನ್ನು ತೋಳಿಗೆ ಒರೆಸಿಕೊಂಡಳು. "ಅಷ್ಟು ಸಾಕು ಬಿಡಿ ನನಗೆ."

ಆ ಮುದುಕನಿಗೆ ನಿಜವಾಗಿ ಮರೆತಿತ್ತೋ, ಅಥವಾ ಆ ಸುಮ್ಮನಿದ್ದ ಹೊತ್ತಿನಲ್ಲಿ ಅವನೂ ತನ್ನ ಹಾಗೆಯೇ ಒದ್ದಾಡಿ ಕೊನೆಗೆ ಹೌದೆಂದನೋ, ಬೊಕ್ಸಿಮ್‌ಗೆ ತಿಳಿಯುವಂತಿರಲಿಲ್ಲ. ಅವನ ನಂಬರ್ ಕೇಳಬೇಕೆಂದು ನಾಲಿಗೆಯ ತುದಿಗೆ ಬಂತು. ಕೇಳಿ ಏನು ಮಾಡುವುದು? ಹೊರೆ ಇಳಿಸಿಕೊಳ್ಳಲು ತನಗೆ ಇನ್ನೊಬ್ಬರು ಬೇಕೆಂಬ ಆಸೆ, ಅಷ್ಟೇ. ಆ ಆಸೆಯನ್ನು ನುಂಗಿಕೊಂಡಳು.

"ನಿಂತೇ ಇದೀರಲ್ಲ, ಕೂತ್ಕಳಿ," ಎಂದು ಜೇಮಾನನ ಅಮ್ಮ ಇನ್ನೊಂದು ಸ್ಟೂಲನ್ನು ಕಾಲಿನಿಂದ ತಳ್ಳಿದಳು. "ಬರಿಗೈಲಿ ಕೂರ್ಬೇಡಿ ಮತ್ತೆ, ಇದನ್ನ ಸುಲೀರಿ. ಟೀವಿಲಿ ಎಷ್ಟ್ ಸುಲಿದಿದೀರೋ, ನಿಜವಾಗ್ಲೂ ಬರ್ತದಾ ನೋಡಣ."

ಬೊಕ್ಸಿಮ್ ಕೂತು ಬೆಳ್ಳುಳ್ಳಿ ಬಿಡಿಸತೊಡಗಿದಳು. ಉಗುರಿನ ಸಂದಿ ಉರಿಯುತ್ತಿತ್ತು. ಜೇಮಾನನ ಅಮ್ಮ ಮಗ ಚಿಕ್ಕವನಿದ್ದಾಗಿನ ಯಾವುದೋ ಜಗಳದ ಕಥೆಯನ್ನು ಬಯ್ಯುತ್ತಾ ನಗುತ್ತಾ ಹೇಳುತ್ತಿದ್ದಳು. ಬೊಕ್ಸಿಮ್ ಅವಳ ಮುಖ ನೋಡಲಿಲ್ಲ, ಕೈ ನೋಡಲಿಲ್ಲ. ತಲೆ ತಗ್ಗಿಸಿಕೊಂಡು ಬರೀ ಕೇಳುತ್ತಾ ಕೂತಳು.