ಹೆಲ್ಗಾಳ ತಗಡಿನ ಡಬ್ಬಿ

೧೯೭೩ರಲ್ಲಿ ಅನಸೂಯಳಿಗೆ ಮ್ಯಾನ್‌ಹಟನ್ನಿನಲ್ಲಿ ಕೆಲಸ ಸಿಕ್ಕಿತು. ಶಾಲೆಗಳಿಗೆಂದು ಪಾಠದ ಚಿತ್ರಗಳನ್ನು ತೆಗೆಯುವ ಸಣ್ಣ ಕಂಪನಿ. ಮನೆಯಿದ್ದ ಎಡಿಸನ್ ಊರಿನಿಂದ ರೈಲಿನಲ್ಲಿ ಹೋಗಿ ದಿನವಿಡೀ ಫಿಲ್ಮಿನ ತುಂಡುಗಳನ್ನು ಅಂಟಿಸುತ್ತಿದ್ದಳು. ಕೆಲಸ ಕಲಿಸಿದವಳು ಎಡಿಟರ್ ಹೆಲ್ಗಾ, ಅರವತ್ತೆರಡರ ಜರ್ಮನ್ ಹೆಂಗಸು. ಗದರುತ್ತಿದ್ದಳು, ಆದರೆ ಗೊತ್ತಿದ್ದುದನ್ನು ಬಚ್ಚಿಡದೆ ಹೇಳಿಕೊಡುತ್ತಿದ್ದಳು.

ಬಚ್ಚಿಟ್ಟದ್ದು ಬೇರೆ ಏನೋ ಇತ್ತು. ಬರ್ಲಿನ್ನಿನ ಸ್ಟುಡಿಯೋದಲ್ಲಿ ಸಹಾಯಕಿಯಾಗಿ ಸೇರಿದ್ದು, ಯುದ್ಧ ಮುಗಿದ ಮೇಲೆ ಹ್ಯಾಂಬರ್ಗಿನಲ್ಲಿ ದುಡಿದದ್ದು, ಎಲ್ಲವನ್ನೂ ಹೇಳುತ್ತಿದ್ದಳು. ನಡುವಿನ ಹನ್ನೆರಡು ವರ್ಷ ಕೇಳಿದರೆ ಮಾತ್ರ, "ನೆನಪಿಲ್ಲ" ಎಂದು ಕತ್ತರಿ ಎತ್ತಿಕೊಳ್ಳುತ್ತಿದ್ದಳು. ಬೀರುವಿನಲ್ಲಿ ಅವಳದೊಂದು ತಗಡಿನ ಡಬ್ಬಿಯಿತ್ತು. ಯಾರಾದರೂ ಬೀರುವಿನ ಹತ್ತಿರ ಹೋದರೆ ಅವಳ ಕಣ್ಣು ಅಲ್ಲಿಗೇ ತಿರುಗುತ್ತಿತ್ತು.

"ಹಿಟ್ಲರ್ ಕಾಲದಲ್ಲಿ ಅಲ್ಲೇ ಇದ್ದೋಳು ಕಣೆ," ಎಂದ ಗಂಡ ಜಯತೀರ್ಥ. "ಏನ್ ಫಿಲ್ಮ್ ಮಾಡಿರ್ತಾಳೆ ಅಂತ ನೀನೇ ಯೋಚ್ನೆ ಮಾಡು. ಬಿ ಕೇರ್‌ಫುಲ್."

ಆ ಮಾತು ಅನಸೂಯಳ ತಲೆಯಲ್ಲಿ ಕೂತಿತು. ಹೆಲ್ಗಾ ಫೋನಿನಲ್ಲಿ ಜರ್ಮನ್ ಆಡಿದರೆ ಕಿವಿಗೊಡುತ್ತಿದ್ದಳು. ಕಾಗದಗಳ ಮೇಲಿನ ಹೆಸರು ಓದುತ್ತಿದ್ದಳು. ಒಂದು ದಿನ ಹೆಲ್ಗಾ ಊಟಕ್ಕೆ ಹೋದಾಗ ಬೀರುವಿನ ಕೀಲಿ ಮೇಜಿನ ಮೇಲೇ ಉಳಿದಿತ್ತು. ಅನಸೂಯ ಡಬ್ಬಿ ತೆರೆದಳು. ಒಳಗೆ ಗೇಣುದ್ದದ ಫಿಲ್ಮು. ಕಿಟಕಿಗೆ ಹಿಡಿದು ನೋಡಿದಳು. ಸೈನಿಕರಿಲ್ಲ, ಬಾವುಟವಿಲ್ಲ. ಕಪ್ಪು ಹಿನ್ನೆಲೆಯ ಮೇಲೆ ಬಿಳಿ ಅಕ್ಷರದಲ್ಲಿ ಒಂದೇ ಹೆಸರು: ಲಿಯೋಪೋಲ್ಡ್ ಕ್ರೋನ್.

"ಅದು ನನ್ನ ಗುರುವಿನ ಹೆಸರು."

ಹೆಲ್ಗಾ ಬಾಗಿಲಲ್ಲಿ ನಿಂತಿದ್ದಳು. ಅನಸೂಯ ಫಿಲ್ಮನ್ನು ಡಬ್ಬಿಗೆ ಹಾಕಿದಳು.

"ಸಾರಿ, ನಾನು..."

"ನಿನಗೆ ಅನುಮಾನ ಇತ್ತು, ತೆಗೆದು ನೋಡಿದೆ. ಕೂತ್ಕೋ."

ಹೆಲ್ಗಾ ಇಂಗ್ಲಿಷಿನಲ್ಲಿ ನಿಧಾನವಾಗಿ ಹೇಳಿದಳು. ೧೯೩೩ರಲ್ಲಿ ಸ್ಟುಡಿಯೋ ಯಹೂದಿಗಳನ್ನೆಲ್ಲ ತೆಗೆದುಹಾಕಿತು. ಎಡಿಟರ್ ಕ್ರೋನ್ ಹೋದ ದಿನವೇ, ಮುಗಿದಿದ್ದ ಚಿತ್ರದಿಂದ ಅವರ ಹೆಸರು ಕತ್ತರಿಸಲು ಅವರ ಸಹಾಯಕಿಯಾಗಿದ್ದ ತನಗೇ ಆಜ್ಞೆಯಾಯಿತು. "ಕತ್ತರಿಸಿದೆ. ಆ ಜಾಗದಲ್ಲಿ ನನ್ನ ಹೆಸರು ಅಂಟಿಸಿದೆ. ಅಲ್ಲಿಂದಲೇ ನಾನು ಎಡಿಟರ್."

"ಆಮೇಲೆ?"

"ಕೊಟ್ಟದ್ದನ್ನೆಲ್ಲ ಎಡಿಟ್ ಮಾಡಿದೆ. ಯುದ್ಧದ ಪ್ರಚಾರದ ಚಿತ್ರಗಳನ್ನೂ."

ಕ್ರೋನ್ ಈಗ ಇಲ್ಲೇ ಹತ್ತಿರದ ಊರು ಹಿಕ್ಸ್‌ವಿಲ್‌ನಲ್ಲಿದ್ದಾರೆ, ನಾಲ್ಕು ವರ್ಷದ ಹಿಂದೆಯೇ ವಿಳಾಸ ಸಿಕ್ಕಿತ್ತು ಎಂದಳು. "ಹೋಗೋಕೆ ಧೈರ್ಯ ಬರಲಿಲ್ಲ."

ಅನಸೂಯಳಿಗೆ ಇದನ್ನೂ ಪೂರ್ತಿ ನಂಬಲಾಗಲಿಲ್ಲ. ಸಿಕ್ಕಿಬಿದ್ದದ್ದಕ್ಕೆ ಕಟ್ಟಿದ ಕಥೆಯೇನೋ ಅನ್ನಿಸಿತು. "ಶನಿವಾರ ಹೋಗೋಣ. ನಾನೂ ಬರ್ತೀನಿ," ಎಂದುಬಿಟ್ಟಳು.

ಹಿಕ್ಸ್‌ವಿಲ್ ಸ್ಟೇಷನ್ನಿನಿಂದ ನಡೆದುಹೋದರು. ಎಂಬತ್ತು ದಾಟಿದ ಮುದುಕ ಬಾಗಿಲ ಸರಪಳಿ ತೆಗೆಯದೆ ಸಂದಿಯಿಂದ ನೋಡಿದ. ಹೆಲ್ಗಾ ಜರ್ಮನ್‌ನಲ್ಲಿ ತನ್ನ ಹೆಸರು ಹೇಳಿ ಡಬ್ಬಿ ತೆರೆದು ಚಾಚಿದಳು. ಅವನು ಸಂದಿಯಿಂದ ಕೈಚಾಚಿ ಫಿಲ್ಮನ್ನು ತೆಗೆದು ಬಿಸಿಲಿಗೆ ಹಿಡಿದು ಬಹಳ ಹೊತ್ತು ನೋಡಿದ. ಆಮೇಲೆ ಅನಸೂಯಳ ಕಡೆ ತಿರುಗಿ ಇಂಗ್ಲಿಷಿನಲ್ಲಿ ಕೇಳಿದ, "ನೀನು ಇವಳ ಸಹಾಯಕಿಯಾ?"

"ಹೌದು ಸರ್."

"ಚೆನ್ನಾಗಿ ಕಲಿಸ್ತಾಳಾ?"

"ತುಂಬಾ ಚೆನ್ನಾಗಿ."

"ನಾನೂ ಇವಳಿಗೆ ಚೆನ್ನಾಗಿಯೇ ಕಲಿಸಿದ್ದೆ," ಎಂದು ಫಿಲ್ಮನ್ನು ಒಳಗೆ ತೆಗೆದುಕೊಂಡು ಬಾಗಿಲು ಹಾಕಿಕೊಂಡ. ಖಾಲಿ ಡಬ್ಬಿ ಹೆಲ್ಗಾಳ ಕೈಯಲ್ಲೇ ಉಳಿಯಿತು.

ವಾಪಸು ಬರುವಾಗ ರೈಲಿನಲ್ಲಿ ಹೆಲ್ಗಾ ಒಂದೇ ಮಾತು ಕೇಳಿದಳು: "ಸೋಮವಾರ ಬರ್ತೀಯಾ?"

ಅನಸೂಯ ಸೋಮವಾರ ಹೋದಳು. ಹೆಲ್ಗಾ ನಿವೃತ್ತಳಾಗುವವರೆಗೆ, ಇನ್ನೂ ಮೂರು ವರ್ಷ, ಅದೇ ಮೇಜಿನಲ್ಲಿ ಅವಳ ಪಕ್ಕ ಕೂತು ಕೆಲಸ ಮಾಡಿದಳು.

"ಕೊನೆಗೂ ಅವಳು ಒಳ್ಳೆಯವಳೋ ಕೆಟ್ಟವಳೋ?" ಎಂದು ಜಯತೀರ್ಥ ಕೇಳಿದ್ದುಂಟು.

"ನಂಗೆ ಗೊತ್ತಾಗ್ಲಿಲ್ಲ ರೀ," ಎನ್ನುತ್ತಿದ್ದಳು. "ಕೆಲಸ ಮಾತ್ರ ಅವಳಿಂದ್ಲೇ ಕಲಿತೆ."