ಎರಡು ಕ್ವಿಂಟಲ್ ದುಂಡಪ್ಪನ ಕಲ್ಲು

ನಾನು ಒಂದು ಸಂಗ್ರಾಣಿ ಕಲ್ಲು. ಎತ್ತಿದವನಿಗೆ ಹೆಸರು, ಎತ್ತಲಾರದವನಿಗೆ ಸೊಂಟನೋವು ಕೊಡುವುದೇ ನನ್ನ ಕಸುಬು. ಹುಟ್ಟಿದ್ದು ಇಳಕಲ್ಲಿನ ಬಂಡೆಯಲ್ಲಿ. ಕಲ್ಲುಕುಟಿಗ ನನ್ನನ್ನು ಎಷ್ಟು ಗುಂಡಗೆ ಮಾಡಿದನೆಂದರೆ, ಹಿಡಿಯಲು ಒಂದು ಮೂಲೆಯನ್ನೂ ಬಿಡಲಿಲ್ಲ, ಪುಣ್ಯಾತ್ಮ!

ಗರಡಿಮನೆಗೆ ಬಂದ ಮೇಲೆ ನನ್ನದೇ ದರ್ಬಾರು. ಎಷ್ಟೋ ಪೈಲ್ವಾನರು ಮೀಸೆ ತಿರುವುತ್ತ ಬಂದರು, ಮುಖ ತಗ್ಗಿಸಿಕೊಂಡು ಹೋದರು. ಒಂದು ಕಾರಹುಣ್ಣಿಮೆಯ ದಿನ ದುಂಡಪ್ಪನೆಂಬ ತರುಣ ನನ್ನನ್ನು ತಬ್ಬಿ, ಹೆಗಲಿಗೇರಿಸಿ, ಬೆನ್ನ ಹಿಂದಕ್ಕೆ ಚೆಲ್ಲಿಬಿಟ್ಟ. ಆಗೆಲ್ಲ ತೂಕ ನೋಡುವವರು ಯಾರು? ಗುಂಪಿನಲ್ಲಿ ಯಾರೋ "ಎರಡು ಕ್ವಿಂಟಲ್ ಐತಿ" ಅಂದರು. ಅಂದಿನಿಂದ ಅವನು ಎರಡು ಕ್ವಿಂಟಲ್ ದುಂಡಪ್ಪ. ನಾನೂ ಸುಮ್ಮನಿದ್ದೆ. ಹೊಗಳಿಕೆ ಯಾರಿಗೆ ಬೇಡ?

ಕಾಲ ಬದಲಾಯಿತು. ಕುಸ್ತಿ ಮಣ್ಣು ಬಿಟ್ಟು ಮ್ಯಾಟ್ ಹತ್ತಿತು, ಗರಡಿಗೆ ಬೀಗ ಬಿತ್ತು. ನನ್ನನ್ನು ಚಹಾದಂಗಡಿಯ ಮುಂದಕ್ಕೆ ಉರುಳಿಸಿದರು, ಅಲ್ಲಿ ನನ್ನ ಮೇಲೆ ಕಂಡಕಂಡವರೆಲ್ಲ ಕೂತರು. ಅದನ್ನು ನೋಡಲಾರದೆ ಮುದುಕನಾದ ದುಂಡಪ್ಪ ನನ್ನನ್ನು ಮನೆಗೆ ತಂದಿಟ್ಟುಕೊಂಡ. ಅವನ ಮೊಮ್ಮಗಳು ಶಿವಲೀಲಾ ವೇಟ್‌ಲಿಫ್ಟರ್. ಅವಳದು ಕಬ್ಬಿಣದ ಸರಳು, ಬಣ್ಣಬಣ್ಣದ ತಟ್ಟೆ, ಅಂಗೈಗೆ ಬಿಳಿ ಪುಡಿ. ಎಲ್ಲದಕ್ಕೂ ತೂಕದ ಲೆಕ್ಕ ಬೇರೆ!

ಒಂದು ದಿನ ಅವಳು ನನ್ನನ್ನು ಎದುರುಮನೆಯ ಈರುಳ್ಳಿ ವ್ಯಾಪಾರಿಯ ತೂಕದ ಕಾಟಾದ ಮೇಲೆ ಉರುಳಿಸಿಯೇಬಿಟ್ಟಳು.

"ಮುತ್ಯಾ, ಬರೇ ಎಂಬತ್ತೆರಡು ಕಿಲೋ!"

ನೆರೆದವರು ಹೋ ಎಂದು ನಕ್ಕರು. ದುಂಡಪ್ಪನ ಮೀಸೆ ಇಳಿದುಹೋಯಿತು. ಅವನ ಜೀವಮಾನದ ಹೆಸರು ನನ್ನಿಂದಲೇ ಮಣ್ಣುಪಾಲಾಯಿತಲ್ಲ! ಭೂಮಿ ಬಾಯ್ಬಿಟ್ಟು ನನ್ನನ್ನು ನುಂಗಬಾರದೇ ಎನ್ನಿಸಿತು.

"ನಾ ತೊಂಬತ್ತು ಎತ್ತತೀನಿ, ಇದೇನ್ ಮಹಾ" ಎಂದು ಶಿವಲೀಲಾ ಬಗ್ಗಿ ಹಿಡಿದಳು. ಜಾರಿದೆ. ಮತ್ತೆ ಹಿಡಿದಳು. ಮತ್ತೆ ಜಾರಿದೆ. ಮೊಣಕಾಲಿನವರೆಗೂ ಹೋಗಲಿಲ್ಲ.

"ಇದಕ್ಕ ಹಿಡಿಕಿನೇ ಇಲ್ಲಲ್ಲ ಮುತ್ಯಾ!"

"ಅದಕ್ಕ ಇದನ್ನ ಸಂಗ್ರಾಣಿ ಕಲ್ಲು ಅಂತಾರ, ಹುಚ್ಚಿ!" ದುಂಡಪ್ಪ ಕೋಲು ಬದಿಗಿಟ್ಟು ಬಂದ. "ಕೈಲೆ ಅಲ್ಲ, ಎದೀಲೆ ಹಿಡಿ. ಕೂಸಿನ್ನ ಎತ್ಕೊಂಡಂಗ ಅಪ್ಪಿಕೋ. ಮೊದಲ ತೊಡಿ ಮ್ಯಾಲ ಕುಂದರ್ಸು."

ಅವಳು ಅಪ್ಪಿಕೊಂಡಳು. ತೊಡೆ, ಎದೆ, ಕೊನೆಗೆ ಹೆಗಲು! ಎಷ್ಟು ವರ್ಷದ ಮೇಲೆ ಆಕಾಶ ಅಷ್ಟು ಹತ್ತಿರ ಬಂತು! ಖುಷಿಗೆ ಧೊಪ್ಪೆಂದು ಬಿದ್ದೆ.

ಸಿಳ್ಳೆ ಹಾಕುತ್ತ ವ್ಯಾಪಾರಿ ಕೇಳಿದ, "ಎಷ್ಟಾತು ಶಿವಲೀಲಾ?"

ಅವಳು ಏದುಸಿರು ಬಿಡುತ್ತ ಮುತ್ಯಾನ ಕಡೆ ನೋಡಿದಳು.

"ಎರಡು ಕ್ವಿಂಟಲ್!"

ದುಂಡಪ್ಪನ ಕೈ ತಾನೇ ಮೀಸೆಗೆ ಹೋಯಿತು.

ಈಗ ಅಂಗಳದ ಮೂಲೆಯಲ್ಲಿ, ಅವಳ ಕಬ್ಬಿಣದ ಸರಳಿನ ಪಕ್ಕ ಹಾಯಾಗಿದ್ದೇನೆ. ಬಂದವರು ಈಗಲೂ ನನ್ನ ತೂಕ ಕೇಳುತ್ತಾರೆ. ಶಿವಲೀಲಾ ಅದೇ ಉತ್ತರ ಕೊಡುತ್ತಾಳೆ. ನಾನೂ ಸುಮ್ಮನಿರುತ್ತೇನೆ.