ಫ್ರಾಕಿನ ಹನ್ನೊಂದು ಗೆರೆ

ಗುಬ್ಬಿಯನ್ನು ಇನ್ನೊಂದು ಸಲ ಸಾಯಲು ಬಿಡುವುದಿಲ್ಲ ಎಂದು ಮನಸ್ಸು ಗಟ್ಟಿ ಮಾಡಿಕೊಂಡೇ ಚಿತ್ರಕಾರನ ಹೆಂಡತಿ ಸ್ಟುಡಿಯೋಗೆ ಬಂದಿದ್ದಳು.

ಮೊದಲ ಸಾವಿಗೆ ಹದಿಮೂರು ವರ್ಷವಾಗಿತ್ತು. ಆರು ವರ್ಷದ ಮಗಳು ಗುಬ್ಬಿ, ಮೂರೇ ದಿನದ ಜ್ವರ. ಗಂಡ ಅಳಲಿಲ್ಲ. ಕಾಗದದ ಮುಂದೆ ಕೂತುಬಿಟ್ಟ. ಹಾಗೆ ಹುಟ್ಟಿದ್ದು ಆ ಕಾಮಿಕ್ಸ್: ಸತ್ತವರು ದಾರಿ ತಪ್ಪಿ ಅಲೆಯುವ ಕತ್ತಲ ಊರು, ಅವರಿಗೆ ಲಾಟೀನು ಹಿಡಿದು ದಾರಿ ತೋರಿಸುವ ಹುಡುಗಿ. ಆ ಹುಡುಗಿಯ ಮೂಗು, ಹಲ್ಲಿನ ಸಂದು, ಎಲ್ಲ ಗುಬ್ಬಿಯದೇ. ಓದುಗರು ಆ ಊರನ್ನಾಳುವ ನೆರಳರಾಜನ ಕೋರೆಹಲ್ಲು ನೋಡಿ ಬೆಚ್ಚಿಬೀಳುತ್ತಿದ್ದರು. ಇವಳ ಕಣ್ಣು ಮಾತ್ರ ಹುಡುಗಿಯ ಫ್ರಾಕಿನ ಅಂಚಿನ ಮೇಲೆ.

ಯಾಕೆಂದರೆ ಗುಬ್ಬಿ ಬದುಕಿದ್ದಾಗ ಪ್ರತಿ ಹುಟ್ಟುಹಬ್ಬಕ್ಕೆ ಇವಳು ಫ್ರಾಕಿನ ಒಳಮಡಿಕೆ ಬಿಚ್ಚಿ ಉದ್ದ ಮಾಡುತ್ತಿದ್ದಳು. ಹಳೆಯ ಮಡಿಕೆಯ ಗೆರೆ ಎಷ್ಟು ಒಗೆದರೂ ಹೋಗುತ್ತಿರಲಿಲ್ಲ. ಗಂಡ ವರ್ಷಕ್ಕೊಂದು ಪುಸ್ತಕ ಬರೆದ, ಹುಡುಗಿಯ ಫ್ರಾಕಿಗೆ ಪುಸ್ತಕಕ್ಕೊಂದು ಗೆರೆ ಹೆಚ್ಚಿಸಿದ. ಮಗಳು ಕಾಗದದಲ್ಲಿ ಬೆಳೆಯುತ್ತಲೇ ಇದ್ದಳು. ಹನ್ನೊಂದು ಗೆರೆಯಾದ ಮೇಲೆ ಅವನೂ ಹೋದ. ಈಗ ಅದನ್ನು ಧಾರಾವಾಹಿ ಮಾಡುತ್ತಿದ್ದ ಟೀವಿಯವರು ಕೊನೆಯಿಲ್ಲದ ಕಥೆಯನ್ನು ಸುಮ್ಮನೆ ಬಿಡುವ ಜಾತಿಯವರೇ? ಕೊನೆಯ ಕಂತಿನಲ್ಲಿ ನೆರಳರಾಜ ಹುಡುಗಿಯನ್ನು ನುಂಗಬೇಕೆಂದು ತೀರ್ಮಾನಿಸಿಬಿಟ್ಟಿದ್ದರು.

ನಿರ್ದೇಶಕಿ ಒಳ್ಳೆಯವಳೇ. ಎದ್ದು ನಿಂತು ಕುರ್ಚಿ ಕೊಟ್ಟಳು. "ಅಮ್ಮಾ, ನಿಮ್ಮ ಯಜಮಾನ್ರು ಕೊನೆ ಬರೀಲೇ ಇಲ್ಲ. ನಾವಾದ್ರೂ ಮುಗಿಸಬೇಕಲ್ವಾ?"

"ಬರೆಯೋಕೆ ಬಾರದೆ ಬಿಟ್ಟಿದ್ದಲ್ಲಮ್ಮ ಅದು. ಮಗು ಸಾಯೋದನ್ನ ಒಂದು ಸಲ ನೋಡಿದ್ವಿ. ಸಾಕಾಗಿತ್ತು."

ನಿರ್ದೇಶಕಿ ತಲೆ ತಗ್ಗಿಸಿದಳು. ಕಣ್ಣೂ ಒದ್ದೆಯಾಯಿತು. ಆದರೆ ಸೆಟ್ ಹಾಕಿ ಆಗಿತ್ತು, ಊಟದ ನಂತರ ಅದೇ ಶಾಟು. "ಕ್ಷಮಿಸಿ ಅಮ್ಮಾ," ಎಂದಳು.

ಕಾಲೆಳೆದುಕೊಂಡು ಹೊರಟವಳಿಗೆ ಉಡುಪಿನ ಕೋಣೆಯ ಬಾಗಿಲಲ್ಲಿ ಆ ಫ್ರಾಕು ಕಂಡಿತು. ಅದೇ ನೀಲಿ, ಅದೇ ಕಾಲರ್. ಅಂಚು ಮಾತ್ರ ತೊಳೆದಿಟ್ಟ ತಟ್ಟೆಯ ಹಾಗೆ ಬೋಳು.

"ಗೆರೆಗಳೆಲ್ಲಿ ಮಾಸ್ಟರೇ?"

"ಓ, ಅವಾ!" ಮುದುಕ ಟೈಲರ್ ಹೆಮ್ಮೆಯಿಂದ ಅಳತೆಪಟ್ಟಿ ಕೊರಳಿಗೆ ಹಾಕಿಕೊಂಡ. "ಪ್ರಿಂಟಿನವರ ಎಡವಟ್ಟು ಅಂತ ನಾನೇ ಬಿಟ್ಟೆ. ನೀಟಾಗಿದೆ ಅಲ್ವಾ?"

ಅಷ್ಟು ದುಃಖದಲ್ಲೂ ಅವಳಿಗೆ ನಗು ಬಂತು. ಆಮೇಲೆ ಎಲ್ಲ ಹೇಳಿದಳು. ಟೈಲರನದೂ ತನ್ನ ನಾಲ್ಕು ಮಕ್ಕಳ ಫ್ರಾಕಿನ ಮಡಿಕೆ ಬಿಚ್ಚಿದ್ದ ಕೈ. ಮುದುಕ ನಾಲಿಗೆ ಕಚ್ಚಿಕೊಂಡು ತನ್ನ ಸ್ಟೂಲನ್ನೇ ಅವಳಿಗೆ ಬಿಟ್ಟುಕೊಟ್ಟ. ಅವಳು ಒಂದೊಂದೇ ಮಡಿಕೆ ಮಡಿಸಿ, ಇಸ್ತ್ರಿ ಒತ್ತಿ, ಬಿಚ್ಚಿ, ಹನ್ನೊಂದು ಗೆರೆ ಮೂಡಿಸಿದಳು. ಅಷ್ಟಕ್ಕೇ ಏಳಲಿಲ್ಲ. ಉಳಿದ ನೀಲಿ ಬಟ್ಟೆಯ ತುಂಡು ಕೇಳಿ ಪಡೆದು, ಅಂಚಿಗೆ ಜೋಡಿಸಿ, ನಾಲ್ಕು ಬೆರಳಗಲ ಒಳಕ್ಕೆ ಮಡಿಸಿ ಹೊಲಿಯತೊಡಗಿದಳು.

ಹೊರಗೆ ಯಾರೋ ಫ್ರಾಕು ಬೇಗ ತನ್ನಿ ಎಂದು ಕೂಗಿದರು.

"ಅಮ್ಮಾ," ಟೈಲರ್ ಮೆಲ್ಲಗೆ ಹೇಳಿದ, "ಇದೇ ಕೊನೇ ಶಾಟು. ಒಳಗೆ ಇಷ್ಟೊಂದು ಬಟ್ಟೆ ಯಾಕೆ?"

ಅವಳು ತಲೆ ಎತ್ತಲಿಲ್ಲ. "ಬರೋ ವರ್ಷಕ್ಕೆ ಗಿಡ್ಡ ಆಗತ್ತೆ ಮಾಸ್ಟರೇ."

ಮುದುಕ ಬಾಗಿಲು ಮುಂದೆ ಮಾಡಿ, ಇನ್ನೊಂದು ಸೂಜಿಗೆ ನೀಲಿ ದಾರ ಪೋಣಿಸಿ, ಫ್ರಾಕಿನ ಆ ಬದಿಯಿಂದ ತಾನೂ ಹೊಲಿಯಲು ಕೂತ.